ಹಾಲು ಕರೆದವಳು ಸದಸ್ಯೆಯಲ್ಲವಂತೆ

ಅಂಧೇರಿ, ಮುಂಬಯಿ
ಡಿಸೆಂಬರ್ ೧೯೫೭

ಮಾನ್ಯರೇ,

ಸಹಕಾರಿ ಸಂಘಗಳ ವ್ಯಾಜ್ಯಗಳನ್ನು ತೀರ್ಮಾನಿಸುವ ಕುರ್ಚಿಯಲ್ಲಿ ಕುಳಿತಿರುವ ತಾವು, ಅಂಧೇರಿಯ ನಮ್ಮ ಹಾಲು ಉತ್ಪಾದಕರ ಸಂಘದಲ್ಲಿ ರಾಚವ್ವ ಎಂಬ ವಿಧವೆ ಎಂದೂ ಸದಸ್ಯೆಯಾಗಿರಲಿಲ್ಲ, ಇನ್ನು ಮುಂದೆ ಆಗುವ ಅರ್ಹತೆಯೂ ಆಕೆಗಿಲ್ಲ ಎಂದು ಆಜ್ಞೆ ಮಾಡಿದ್ದೀರಿ. ಆಜ್ಞೆ ಇಂಗ್ಲಿಷಿನಲ್ಲಿದೆ. ನಾನು ಮುನಿಸಿಪಾಲಿಟಿಯ ಕನ್ನಡ ಶಾಲೆಯ ಉಪಾಧ್ಯಾಯಿನಿ. ಕೆಂಪು ಪೆನ್ಸಿಲು ಕೈಯಲ್ಲಿ ಹಿಡಿದೇ ಓದುವುದು ನನ್ನ ಅಭ್ಯಾಸ. ತಮ್ಮ ಆಜ್ಞೆಯಲ್ಲಿ ವ್ಯಾಕರಣದ ತಪ್ಪು ಒಂದೂ ಸಿಗಲಿಲ್ಲ. ಅದರೊಳಗೆ ಇಲ್ಲದವಳು ರಾಚವ್ವ ಒಬ್ಬಳೇ.

ಇದನ್ನು ಕನ್ನಡದಲ್ಲಿ, ಅದೂ ಪತ್ರಿಕೆಯ ಮೂಲಕ ಬರೆಯುತ್ತಿರುವುದಕ್ಕೆ ಕ್ಷಮೆಯಿರಲಿ. ಆಜ್ಞೆ ಬಂದ ಮೇಲೆ ಇಂಗ್ಲಿಷಿನಲ್ಲಿ ಬರೆದು ಕಚೇರಿಗೆ ಕಳಿಸಿದ ಕಾಗದಗಳಿಗೆ ಉತ್ತರ ಬರಲಿಲ್ಲ. ತಮಗೆ ಕನ್ನಡ ಬಾರದೆಂದು ಬಲ್ಲೆ. ಆದರೆ ತಮ್ಮ ಕಚೇರಿಯಲ್ಲಿ ಧಾರವಾಡದ ಕಡೆಯ ಗುಮಾಸ್ತರೊಬ್ಬರು ಮೇಜಿನ ಖಾನೆಯಲ್ಲಿ ಕನ್ನಡ ಪತ್ರಿಕೆ ಇಟ್ಟುಕೊಂಡು ಕದ್ದು ಓದುವುದನ್ನು ಕಾಯುವ ಬೆಂಚಿನಿಂದ ಹಲವು ಸಲ ನೋಡಿದ್ದೇನೆ. ಅವರು ಓದಿ ತಮಗೆ ಹೇಳಿಯಾರು. ಹೇಳದಿದ್ದರೂ ಚಿಂತೆಯಿಲ್ಲ, ಈ ಮಹಾನಗರದಲ್ಲಿ ಕನ್ನಡ ಓದುವ ನಾಲ್ಕು ಜನರಿಗಾದರೂ ರಾಚವ್ವನಿಗೆ ಏನಾಯಿತೆಂದು ತಿಳಿಯಲಿ.

ನನ್ನ ಊರು ಉಡುಪಿಯ ಕಡೆ. ನನ್ನ ಗಂಡ ಅಂಧೇರಿ ಸ್ಟೇಷನ್ನಿನ ಎದುರಿನ ಹೋಟೆಲೊಂದರಲ್ಲಿ ಗಲ್ಲೆಯ ಮೇಲೆ ಕೂರುತ್ತಾರೆ. ನಾವಿರುವ ಚಾಳಿನ ಹಿಂದೆ ಒಂದು ಬಯಲು. ಅದರ ಅಂಚಿಗೆ ತಗಡಿನ ಮಾಡಿನ ಎಮ್ಮೆ ತಬೇಲಾಗಳ ಸಾಲು ಇತ್ತು. ವಿಜಾಪುರದ ಕಡೆಯಿಂದ ಬಂದ ಗದಿಗೆಪ್ಪ ಮತ್ತು ಅವನ ಹೆಂಡತಿ ರಾಚವ್ವ ಅಲ್ಲಿ ಮೂರು ಎಮ್ಮೆ ಕಟ್ಟಿಕೊಂಡಿದ್ದರು. ಕಟ್ಟಿಕೊಂಡಿದ್ದರು ಎಂದು ಬಹುವಚನದಲ್ಲಿ ಬರೆದೆ. ನಿಜ ಹೇಳಬೇಕೆಂದರೆ ಎಮ್ಮೆಗಳು ರಾಚವ್ವನವು. ಗದಿಗೆಪ್ಪ ಪರೇಲದ ಬಟ್ಟೆ ಗಿರಣಿಯಲ್ಲಿ ಕೆಲಸಕ್ಕಿದ್ದ. ಬೆಳಗಿನ ಲೋಕಲ್ ಹಿಡಿದು ಹೋದವನು ಮೈತುಂಬ ಹತ್ತಿಯ ಎಳೆ ಅಂಟಿಸಿಕೊಂಡು ಮರಳುತ್ತಿದ್ದ. ಸಗಣಿ ಬಾಚುವುದು, ಹಿಂಡಿ ನೆನೆಸುವುದು, ಮೈ ತೊಳೆಯುವುದು, ಹಾಲು ಕರೆಯುವುದು ಎಲ್ಲವೂ ಅವಳದೇ.

ಒಮ್ಮೆ ರಾಚವ್ವ ಜ್ವರ ಬಂದು ಮಲಗಿದಳು. ಗದಿಗೆಪ್ಪ ತಂಬಿಗೆ ಹಿಡಿದು ಎಮ್ಮೆಯ ಬಳಿ ಹೋದರೆ ಅದು ಸೊರ ಬಿಡಲಿಲ್ಲ, ಕೆಚ್ಚಲಿಗೆ ಹಾಲು ಇಳಿಸಲೇ ಇಲ್ಲ. ಯಾರೋ ಬುದ್ಧಿ ಹೇಳಿದರೆಂದು ಹೆಂಡತಿಯ ಸೀರೆ ಉಟ್ಟು, ತಲೆತುಂಬ ಸೆರಗು ಹೊದ್ದು, ಮೀಸೆ ಮರೆಮಾಡಿ ಕುಳಿತ. ಎಮ್ಮೆ ತಿರುಗಿ ಒಮ್ಮೆ ಮೂಸಿ ನೋಡಿತು. ಒದ್ದ ಏಟಿಗೆ ತಂಬಿಗೆ ಒಂದು ಕಡೆ, ಗದಿಗೆಪ್ಪ ಒಂದು ಕಡೆ. ಇಡೀ ತಬೇಲಾ ನಕ್ಕಿತು. ಇದನ್ನು ಎಲ್ಲರಿಗೂ ಹೇಳಿ ಎಲ್ಲರಿಗಿಂತ ಹೆಚ್ಚು ನಗುತ್ತಿದ್ದವನು ಗದಿಗೆಪ್ಪನೇ. "ನಾ ಹಾಲಿನ ಎಮ್ಮಿ ಮಾಲಕ ಅಲ್ರೀ ಅಕ್ಕೋರ, ಎಮ್ಮಿ ಮಾಲಕಳ ಗಂಡ," ಎನ್ನುತ್ತಿದ್ದ. ಅವರ ಕಡೆ ಶಾಲೆಯ ಉಪಾಧ್ಯಾಯಿನಿಯನ್ನು ಅಕ್ಕೋರು ಎನ್ನುತ್ತಾರೆ.

ಆಗ ತಬೇಲಾದವರೆಲ್ಲ ಒಬ್ಬ ಗುತ್ತಿಗೆದಾರನ ಹಿಡಿತದಲ್ಲಿದ್ದರು. ಹಾಲು ಅವನಿಗೇ ಕೊಡಬೇಕು, ಅವನು ಹೇಳಿದ್ದೇ ಅಳತೆ. ನಾವೇ ಸಂಘ ಕಟ್ಟಿಕೊಳ್ಳೋಣ ಎಂದು ಮೊದಲು ಬಾಯಿ ಬಿಟ್ಟವನು ಗದಿಗೆಪ್ಪ. ಗಿರಣಿಯಲ್ಲಿ ಸಂಘಟನೆ ಕಂಡವನು, ಮರಾಠಿ ಬಲ್ಲವನು, ಸಹಿ ಮಾಡಲು ಬರುವವನು. ರಜೆಯ ದಿನ ತಬೇಲಾದಿಂದ ತಬೇಲಾಕ್ಕೆ ಅಲೆದು ಜನರನ್ನು ಒಪ್ಪಿಸಿದ. ಸಂಘ ಹುಟ್ಟಿತು. ಅಧ್ಯಕ್ಷನಾಗು ಎಂದರೆ ಒಲ್ಲೆನೆಂದು, ತನ್ನ ಪಕ್ಕದೂರಿನ ಬಸವಂತಪ್ಪನನ್ನು ಅಧ್ಯಕ್ಷನನ್ನಾಗಿ ಮಾಡಿಸಿದ. ಮನೆಗೊಬ್ಬರು ಸದಸ್ಯರು ಎಂದಾಗ ರಾಚವ್ವನ ಮನೆಯಿಂದ ಗದಿಗೆಪ್ಪನ ಹೆಸರು ಹೋಯಿತು. ಬೇರೆ ಯಾರ ಹೆಸರು ಹೋಗಬೇಕಿತ್ತು ಎಂದು ಆ ದಿನ ಯಾರೂ ಕೇಳಲಿಲ್ಲ. ರಾಚವ್ವನೂ ಕೇಳಲಿಲ್ಲ.

ಹತ್ತಿಯ ಎಳೆ ಎದೆಗಿಳಿಯಿತೋ ಏನೋ, ಗದಿಗೆಪ್ಪನಿಗೆ ಕೆಮ್ಮು ಹತ್ತಿತು. ಐವತ್ತನಾಲ್ಕರ ಮಳೆಗಾಲದಲ್ಲಿ ತೀರಿಕೊಂಡ. ಮಕ್ಕಳಿರಲಿಲ್ಲ. ಮಣ್ಣು ಮಾಡಿ ಬಂದ ಸಂಜೆಯೂ ರಾಚವ್ವ ಹಾಲು ಕರೆಯಲು ಕುಳಿತಳು. ಕೆಲವು ಹೆಂಗಸರು ಮೂಗಿನ ಮೇಲೆ ಬೆರಳಿಟ್ಟರು. ಅವಳು ನನಗೆ ಹೇಳಿದ್ದು ಇಷ್ಟೇ: "ಕೆಚ್ಚಲ ಬಿಗದು ಎಮ್ಮಿ ಒದರಾಕತ್ತಿತ್ರೀ ಅಕ್ಕೋರ. ನನ್ನ ದುಃಖ ಅದಕ್ಕೇನ ಗೊತ್ತು?"

ಸಂಘ ಅವಳ ಹಾಲನ್ನು ಎಂದಿನಂತೆ ಅಳೆದುಕೊಂಡಿತು, ಗದಿಗೆಪ್ಪನ ಹೆಸರಿನಲ್ಲಿಯೇ. ಗಮನಿಸಬೇಕು ಮಾನ್ಯರೇ, ತಮ್ಮ ಆಜ್ಞೆಯ ಪ್ರಕಾರ ಉತ್ಪಾದಕ ಎಂದರೆ ಗದಿಗೆಪ್ಪ. ಉತ್ಪಾದಕ ಸತ್ತ ಮೇಲೂ ವರ್ಷವಿಡೀ ಉತ್ಪಾದನೆ ಒಂದು ಹನಿಯೂ ಕಡಿಮೆಯಾಗಲಿಲ್ಲ. ಇಂಥ ಪವಾಡ ನಮ್ಮ ಕಡೆ ದೇವರಿಗೂ ಸಾಧ್ಯವಾಗಿಲ್ಲ, ಕಾನೂನಿಗೆ ಸಾಧ್ಯವಾಗಿದೆ.

ಮರುವರ್ಷ ಸಂಘಕ್ಕೆ ಊರಾಚೆ ಹೊಸ ತಬೇಲಾ ಕಟ್ಟಲು ಜಾಗ ದೊರೆಯಿತು. ಬಯಲಿನಲ್ಲಿ ಇಮಾರತುಗಳು ಏಳಲಿದ್ದವು. ಹಳೆಯ ತಬೇಲಾಗಳು ತೆರವಾಗಬೇಕು, ಹೊಸದರಲ್ಲಿ ಸದಸ್ಯರಿಗೆ ಮಾತ್ರ ಜಾಗ ಎಂದಾಯಿತು. ಸದಸ್ಯರಲ್ಲದವರು ಎಮ್ಮೆಗಳನ್ನು ಎಲ್ಲಿ ಕಟ್ಟಬೇಕು? ಎಲ್ಲಿಯೂ ಇಲ್ಲ. ಇದನ್ನು ಮಾತನಾಡಲು ಒಂದು ಭಾನುವಾರ ನಮ್ಮ ಶಾಲೆಯಲ್ಲಿಯೇ ಸಭೆ ಸೇರಿತು. ಬೀಗ ತೆಗೆಯಲು ಹೋದ ನಾನು ಬಾಗಿಲ ಬಳಿ ನಿಂತಿದ್ದೆ. ಮಕ್ಕಳ ಬೆಂಚುಗಳಲ್ಲಿ ಗಂಡಸರು ಮೊಣಕಾಲು ಮಡಚಿ ಕುಳಿತಿದ್ದರು. ಹಿಂದೆ ಗೋಡೆಗೊರಗಿ ರಾಚವ್ವ ಒಬ್ಬಳೇ. ಅಧ್ಯಕ್ಷ ಬಸವಂತಪ್ಪ ಮಾತು ಮುಗಿಸುತ್ತಲೇ ಅವಳು ಎದ್ದಳು.

"ಬಸವಂತಣ್ಣಾ, ಅಲ್ಲಿ ನೀರಿನ ವ್ಯವಸ್ಥಾ ಹ್ಯಾಂಗೈತಿ? ಬ್ಯಾಸಿಗ್ಯಾಗ ಮೈಮ್ಯಾಲ ನೀರ ಬೀಳಲಿಲ್ಲಂದ್ರ ಎಮ್ಮಿ ಹಾಲ ಬಿಡೂದಿಲ್ಲ."

"ತಂಗೀ, ನೀ ಸುಮ್ಮ ಕುಂದ್ರವಾ. ಇದು ಸದಸ್ಯರ ಸಭಾ."

"ಹಂಗಾರ ನಾ ಯಾರು?"

"ನೀ ಗದಿಗೆಪ್ಪನ ಹೇಣ್ತಿ."

"ಅವರು ಹೋಗಿ ವರ್ಷಾತು. ಇವತ್ತ ಮುಂಜಾನಿ ನೀವು ಅಳದ ತಗೊಂಡ್ರಲ್ಲಾ, ಆ ಹಾಲು ಯಾರದು?"

ಬಸವಂತಪ್ಪ ಮುಂದಿನ ಕಾಗದ ತಿರುವಿದ. ಸದಸ್ಯತ್ವ ಗದಿಗೆಪ್ಪನೊಂದಿಗೆ ಮುಗಿಯಿತೆಂದೂ, ಅವನ ಜಾಗವನ್ನು ಹೊಸ ಅರ್ಜಿದಾರನಿಗೆ ಕೊಡಬೇಕೆಂದೂ ಠರಾವಾಯಿತು. ಹೊಸ ಅರ್ಜಿದಾರನ ಹೆಸರು ಮುರಿಗೆಪ್ಪ, ಬಸವಂತಪ್ಪನ ಅಳಿಯ. ಬಸವಂತಪ್ಪ ದುಷ್ಟನೆಂದು ನಾನು ಹೇಳುವುದಿಲ್ಲ. ಮಗಳನ್ನು ಕೊಟ್ಟವನಿಗೆ ಅಳಿಯನ ಚಿಂತೆ ಇರುತ್ತದೆ. ಆದರೆ ಒಬ್ಬರ ಮಗಳಿಗೆ ನೆರಳು ಮಾಡಲು ಇನ್ನೊಬ್ಬಳ ಮಾಡು ಕಿತ್ತರೆ ಅದಕ್ಕೆ ಠರಾವು ಎಂಬ ಗೌರವದ ಹೆಸರೇಕೆ?

ತಮ್ಮ ಬಳಿಗೆ ಬರಬಹುದು ಎಂದು ರಾಚವ್ವನಿಗೆ ಹೇಳಿದವಳು ನಾನೇ. "ಸರಕಾರ ಅಂದ ಮ್ಯಾಲ ಕೇಳಬೇಕಲ್ರೀ," ಎಂದು ಅವಳು ನಂಬಿದಳು. ನಾನೂ ನಂಬಿದ್ದೆ. ಅರ್ಜಿ ಕೊಟ್ಟು, ವಿಚಾರಣೆಯ ದಿನ ದುಭಾಷಿಯಾಗಿ ಅವಳ ಜೊತೆ ಫೋರ್ಟ್ ಭಾಗದ ತಮ್ಮ ಕಚೇರಿಗೆ ಬಂದೆ. ತಮಗೆ ನೆನಪಿರಲಾರದು. ನನಗೆ ಚೆನ್ನಾಗಿ ನೆನಪಿದೆ.

ಮೃತ ಸದಸ್ಯನ ಹೆಸರೇನು ಎಂದು ತಾವು ಕೇಳಿದಿರಿ. ನಾನು ಕನ್ನಡದಲ್ಲಿ ಕೇಳಿದೆ. ರಾಚವ್ವ ತಲೆ ತಗ್ಗಿಸಿದಳು. "ನೀವ ಹೇಳ್ರಿ ಅಕ್ಕೋರ," ಎಂದು ಪಿಸುಗುಟ್ಟಿದಳು. ಅರ್ಜಿದಾರಳೇ ಹೇಳಬೇಕು ಎಂದಿರಿ. ಅವಳು ಹೇಳಲಿಲ್ಲ. ಮೃತನ ಹೆಸರು ಅರ್ಜಿದಾರಳಿಗೆ ತಿಳಿದಿಲ್ಲ ಎಂದು ಬೆರಳಚ್ಚಿನವರು ಹೊಡೆಯತೊಡಗಿದಾಗ ನಾನು ಗಾಬರಿಯಿಂದ ಅಡ್ಡ ಮಾತನಾಡಿದೆ. ಅವರ ಕಡೆ ಹೆಂಡತಿ ಗಂಡನ ಹೆಸರೆತ್ತುವುದಿಲ್ಲ; ಎತ್ತಲೇಬೇಕಾದರೆ ಒಡಪು ಎಂಬ ಎರಡು ಸಾಲಿನ ಪದದಲ್ಲಿ ಸೇರಿಸಿ ಹೇಳುತ್ತಾಳೆ, ಮದುವೆಯಲ್ಲಿ ಕಲಿತದ್ದು ಎಂದು ವಿವರಿಸಿದೆ. ತಾವು ಒರಟಾಗಿ ಏನೂ ಹೇಳಲಿಲ್ಲ. "ಹಾಗಾದರೆ ಆ ಪದವನ್ನೇ ಹೇಳಲಿ," ಎಂದಿರಿ.

ರಾಚವ್ವ ಎದ್ದು ನಿಂತಳು. ಸೆರಗು ಎಳೆದುಕೊಂಡು, ಗೋಡೆಯ ಕಡೆ ನೋಡುತ್ತ ಹೇಳಿದಳು:

"ಕರಿ ಎಮ್ಮಿ ಬಿಳಿ ಹಾಲ ಕಾಸಿ ಹೆಪ್ಪ ಹಾಕತೀನಿ,
ಗದಿಗೆಪ್ಪನವರ ಹೆಸರ ಹೇಳಿ ಹಣಿಗಿ..."

ಅಲ್ಲಿಗೆ ನಿಲ್ಲಿಸಿದಳು. ಮುಂದಿನದು ಕುಂಕುಮದ ಮಾತು. ಅದನ್ನು ಹೇಳುವ ಹಕ್ಕು ಹೋಗಿ ವರ್ಷವಾಗಿತ್ತು. ಇಷ್ಟೇ ಏನು ಎಂದು ತಾವು ನನ್ನನ್ನು ಕೇಳಿದಿರಿ. ಇಷ್ಟೇ ಎಂದೆ. ಯಂತ್ರ ಟಪಟಪ ಎಂದಿತು. ಗದಿಗೆಪ್ಪ ಎಂಬ ಹೆಸರು ದಾಖಲಾಯಿತು.

ಆಮೇಲೆ ಸಂಘದ ವಕೀಲರು ಉಪನಿಯಮ ಓದಿದರು: ಹಾಲು ಉತ್ಪಾದಿಸುವ ವ್ಯಕ್ತಿಯೇ ಸದಸ್ಯನಾಗತಕ್ಕದ್ದು. ಇದಕ್ಕಿಂತ ರಾಚವ್ವನ ಪರವಾದ ವಾಕ್ಯ ಇನ್ನೊಂದಿದೆಯೇ ಎಂದು ನನಗೆ ಸಂತೋಷವಾಯಿತು. ಆದರೆ ಉತ್ಪಾದಕ ಎಂದರೆ ಹೆಸರು ದಾಖಲಾದವನು, ಉಳಿದವರು ಅವನ ಮನೆಯವರು, ಅಷ್ಟೇ ಎಂದು ವಕೀಲರು ವ್ಯಾಖ್ಯಾನ ಮಾಡಿದರು. ಎಮ್ಮೆ ಗದಿಗೆಪ್ಪನನ್ನು ಒದ್ದ ಕಥೆಯನ್ನು ರಾಚವ್ವ ಹೇಳಹೊರಟಳು. ಸಂಬಂಧವಿಲ್ಲದ ಮಾತು ಎಂದು ತಾವು ತಡೆದಿರಿ. ಬಸವಂತಪ್ಪ ಸಾಕ್ಷಿ ಹೇಳಲು ನಿಂತಾಗ, ಆ ಎಮ್ಮೆಗಳ ಹಾಲನ್ನು ಯಾರು ಕರೆಯುತ್ತಿದ್ದರು ಎಂದೊಮ್ಮೆ ಇವರನ್ನು ಕೇಳಿರಿ ಎಂದು ನಾನು ಬೇಡಿಕೊಂಡೆ. ದುಭಾಷಿಗೆ ಪ್ರಶ್ನೆ ಕೇಳುವ ಅಧಿಕಾರವಿಲ್ಲ ಎಂದು ತಾವು ತಿಳಿಸಿದಿರಿ. ಅಧಿಕಾರವಿದ್ದ ತಾವೂ ಕೇಳಲಿಲ್ಲ. ಬಸವಂತಪ್ಪನ ಮುಖ ನಾನು ನೋಡುತ್ತಿದ್ದೆ. ಯಾರಾದರೂ ಕೇಳಿದ್ದರೆ ಆ ಮನುಷ್ಯ ಸುಳ್ಳು ಹೇಳುತ್ತಿರಲಿಲ್ಲ ಎಂದು ನಾನು ಇಂದಿಗೂ ನಂಬಿದ್ದೇನೆ.

ಅಲ್ಲಿಂದ ಮುಂದೆ ವಾಯಿದೆಗಳ ಮೇಲೆ ವಾಯಿದೆ. ಒಮ್ಮೆ ವಕೀಲರಿಗೆ ಅನಾರೋಗ್ಯ, ಒಮ್ಮೆ ತಮಗೆ ಪ್ರವಾಸ. ವಾರಸಾ ಪತ್ರ ತರಬೇಕೆಂದಿರಿ. ರಾಚವ್ವ ವಿಜಾಪುರದ ರೈಲು ಹತ್ತಿ ಹೋಗಿ ತಂದಳು. ಅದನ್ನು ಹಾಜರುಪಡಿಸುವ ಹೊತ್ತಿಗೆ ರಾಜ್ಯಗಳ ಪುನರ್ವಿಂಗಡಣೆ ಆಯಿತು. ಕನ್ನಡಿಗರೆಲ್ಲ ಒಂದಾದರೆಂದು ನಾನು ಶಾಲೆಯ ಮಕ್ಕಳಿಗೆ ಪೆಪ್ಪರಮಿಂಟು ಹಂಚಿ, ಎರಡು ದಿನ ಬಿಟ್ಟು ತಮ್ಮ ಕಚೇರಿಗೆ ಬಂದರೆ ಅಲ್ಲಿಯ ಕಾರಕೂನ ಪತ್ರವನ್ನು ಹಿಂದಕ್ಕೆ ತಳ್ಳಿದ. "ಆತಾ ತುಮಚ ವಿಜಾಪೂರ ಮ್ಹೈಸೂರಾತ ಗೇಲ," ಎಂದ. ನಿಮ್ಮ ವಿಜಾಪುರ ಮೈಸೂರಿಗೆ ಹೋಯಿತು, ಇದು ಪರರಾಜ್ಯದ ಕಾಗದ, ಮತ್ತೆ ದೃಢೀಕರಿಸಿ ತನ್ನಿ ಎಂದರ್ಥ.

ರಾಚವ್ವ ನನ್ನ ಮುಖ ನೋಡಿದಳು. "ಊರು ಎಲ್ಲಿಗಿ ಹೋಗೈತ್ರೀ ಅಕ್ಕೋರ? ನಾ ಹ್ವಾದಾಗ ಅಲ್ಲೇ ಇತ್ತಲ್ಲ?"

ಅವಳು ಪತ್ರವನ್ನು ಮತ್ತೆ ದೃಢೀಕರಿಸಿಕೊಂಡು ಬರುವಷ್ಟರಲ್ಲಿ ಐವತ್ತೇಳರ ಬೇಸಿಗೆ ಬಂದು ಹೊಸ ತಬೇಲಾ ಸಿದ್ಧವಾಯಿತು. ಹಳೆಯವನ್ನು ಕೆಡವತೊಡಗಿದರು. ತೀರ್ಪು ಬರುವ ತನಕ ಒಂದು ಮೂಲೆಯಾದರೂ ಕೊಡಿಸಿ ಎಂದು ನಾವು ತಮಗೆ ಅರ್ಜಿ ಬರೆದೆವು. ಅದು ಮುಖ್ಯ ಅರ್ಜಿಯೊಂದಿಗೆ ಪರಿಶೀಲನೆಗೆ ಬರುತ್ತದೆ ಎಂದು ಉತ್ತರ ಬಂತು. ಎಮ್ಮೆ ಅಷ್ಟು ದಿನ ಎಲ್ಲಿ ನಿಲ್ಲಬೇಕು ಎಂಬುದು ಪರಿಶೀಲನೆಗೆ ಬರಲಿಲ್ಲ. ರಾಚವ್ವ ಚಾಳಿನ ಹಿಂದೆ, ನಮ್ಮ ಒಗೆಯುವ ಕಲ್ಲಿನ ಪಕ್ಕ ಮೂರನ್ನೂ ಕಟ್ಟಿದಳು. ಮುನಿಸಿಪಾಲಿಟಿಯವರು ಬಂದು ತೆಗೆಯಬೇಕೆಂದರು. ಕರೆಯುತ್ತಿದ್ದ ಎರಡನ್ನು ಮುರಿಗೆಪ್ಪನೇ ಕೊಂಡ. ಉಳಿದದ್ದು ಕರೆವ್ವ ಎಂಬ ಎಮ್ಮೆ. ವಯಸ್ಸಾಗಿತ್ತು, ಗಬ್ಬವಾಗಿತ್ತು, ಹಾಲು ಬತ್ತಿತ್ತು. ಈ ಊರಿನಲ್ಲಿ ಹಾಲು ಬತ್ತಿದ ಎಮ್ಮೆಗೆ ಬರುವ ಗಿರಾಕಿ ಯಾರೆಂದು ಎಲ್ಲರಿಗೂ ಗೊತ್ತು. ರಾಚವ್ವ ಬಂದವರನ್ನೆಲ್ಲ ಹಿಂದಕ್ಕೆ ಕಳಿಸಿದಳು. ಮುನಿಸಿಪಾಲಿಟಿಯವರು ಮತ್ತೆ ಬಂದರು.

ಕೊನೆಗೊಂದು ಮಧ್ಯಾಹ್ನ ದಲಾಲನೊಬ್ಬ ಬಂದ. ಅವಳ ಕಣ್ಣು ನೋಡದೆ, "ಗಾಂವ್ ಕೋ ಭೇಜ್ ದೇಗಾ ಬಾಯಿ, ಉಧರ್ ಬ್ಯಾಯೇಗಿ," ಎಂದ. ಹಳ್ಳಿಗೆ ಕಳಿಸುತ್ತೇನೆ, ಅಲ್ಲಿ ಕರು ಹಾಕುತ್ತದೆ ಎಂದ. ಯಾವ ಹಳ್ಳಿ ಎಂದು ರಾಚವ್ವ ಕೇಳಲಿಲ್ಲ. ಕೇಳುವಳೇನೋ ಎಂದು ದಲಾಲ ಸ್ವಲ್ಪ ನಿಂತ. ಅವಳು ಎಮ್ಮೆಯ ಕಿವಿಯ ಹಿಂದೆ ತುರಿಸಿ, ಕೊರಳ ಗಂಟೆ ಬಿಚ್ಚಿಕೊಳ್ಳಲು ಹೋಗಿ, ಯಾಕೋ ಬಿಚ್ಚದೆ, ಹಗ್ಗವನ್ನು ಅವನ ಕೈಗೆ ಕೊಟ್ಟಳು. ಕರೆವ್ವ ನಾಲ್ಕು ಹೆಜ್ಜೆ ಹೋಗಿ ನಿಂತು ತಿರುಗಿ ಕೂಗಿತು. ರಾಚವ್ವ ಒಳಗೆ ಹೋಗಿ ಬಾಗಿಲು ಹಾಕಿಕೊಂಡಳು. ಗಂಡ ಸತ್ತಾಗ ಅಳದಿದ್ದ ಹೆಂಗಸು ಆ ದಿನ ಅತ್ತದ್ದು ನಮ್ಮ ಚಾಳಿನ ಕೊನೆಯ ಕೋಣೆಗೂ ಕೇಳಿಸಿತು.

ಇಷ್ಟಾದ ಮೇಲೆ ತಮ್ಮ ಆಜ್ಞೆ ಬಂತು. ಮೃತ ಸದಸ್ಯನ ವಿಧವೆಯನ್ನು ವಾರಸುದಾರಳೆಂದು ಸೇರಿಸಿಕೊಳ್ಳಲು ಸಂಘಕ್ಕೆ ಅಡ್ಡಿಯೇನೂ ಇರಲಿಲ್ಲ ಎಂದು ತಾವೇ ಬರೆದಿದ್ದೀರಿ. ಮುಂದಿನ ಸಾಲಿನಲ್ಲಿ, ಆದರೆ ಈ ದಿನ ಅರ್ಜಿದಾರಳ ಬಳಿ ಎಮ್ಮೆ ಇಲ್ಲವಾದ್ದರಿಂದ ಆಕೆ ಉತ್ಪಾದಕಳಲ್ಲ, ಪ್ರಶ್ನೆಯೇ ಉದ್ಭವಿಸುವುದಿಲ್ಲ ಎಂದಿದ್ದೀರಿ. ಸದಸ್ಯತ್ವವಿಲ್ಲದ್ದರಿಂದ ಎಮ್ಮೆ ಹೋಯಿತು. ಎಮ್ಮೆ ಹೋದದ್ದರಿಂದ ಸದಸ್ಯತ್ವವಿಲ್ಲ. ಬಾವಿಗೆ ಬಿದ್ದವಳ ಕೂಗು ಕೇಳುತ್ತ ದಂಡೆಯಲ್ಲಿ ಕುಳಿತು, ಕೂಗು ನಿಂತ ಮೇಲೆ ಇಲ್ಲಿ ಯಾರೂ ಕೂಗುತ್ತಿಲ್ಲವಲ್ಲ ಎಂದು ಬರೆದುಕೊಂಡು ಹೋದಂತಾಯಿತಲ್ಲವೇ, ಮಾನ್ಯರೇ?

ಈಗ ಆಕೆ ಏನು ಮಾಡುತ್ತಿದ್ದಾಳೆಂದು ತಾವು ಕೇಳಿಲ್ಲ, ನಾನೇ ಹೇಳುತ್ತೇನೆ. ಮುರಿಗೆಪ್ಪ ಕೊಂಡ ಎಮ್ಮೆಗಳು ಹೊಸ ಜಾಗದಲ್ಲಿ ಸೊರ ಬಿಡಲಿಲ್ಲ. ಒಂದು ವಾರ ಹೆಣಗಿ, ಬಸವಂತಪ್ಪನೇ ನಮ್ಮ ಚಾಳಿಗೆ ಬಂದ. ಹೊಸ್ತಿಲ ಹೊರಗೆ ರುಮಾಲು ಕೈಯಲ್ಲಿ ಹಿಡಿದು ನಿಂತ.

"ನನ್ನ ಮ್ಯಾಲ ಸಿಟ್ಟ ಐತೇನ ತಂಗೀ?"

"ಸಿಟ್ಟಿನ ಮಾತ ಬಿಡಣ್ಣ. ಎಮ್ಮಿ ಮೇವ ತಿಂತಾವೇನು?"

"ತಿಂತಾವು. ಹಾಲು ಕೊಡವಲ್ವು."

"ಕೆಚ್ಚಲ ಬಿಗದು ಬ್ಯಾನಿ ಆಗತೈತಿ ಅವಕ್ಕ," ಎಂದು ರಾಚವ್ವ ಸೆರಗು ಸಿಕ್ಕಿಸಿಕೊಂಡು ಅವನ ಹಿಂದೆಯೇ ಹೊರಟಳು. ಅಂದಿನಿಂದ ಅವಳು ಅಲ್ಲಿ ಕೂಲಿಗೆ ಹಾಲು ಕರೆಯುತ್ತಿದ್ದಾಳೆ, ತಾನೇ ಸಾಕಿದ ಎಮ್ಮೆಗಳನ್ನು. ಉತ್ಪಾದಕನ ಹೆಸರು ಮುರಿಗೆಪ್ಪ. ನನಗೆ ಇದನ್ನು ನೋಡಲಾಗುವುದಿಲ್ಲ ಎಂದರೆ, "ಅವೆರಡಾದ್ರೂ ಕಣ್ಣ ಮುಂದ ಅದಾವಲ್ರೀ," ಎಂದು ನನಗೇ ಸಮಾಧಾನ ಹೇಳುತ್ತಾಳೆ.

ತಮ್ಮ ಆಜ್ಞೆಯನ್ನು ಅವಳಿಗೆ ಕನ್ನಡದಲ್ಲಿ ಓದಿ ಹೇಳಿದಾಗ ಎಲ್ಲವನ್ನೂ ತಲೆಯಾಡಿಸುತ್ತ ಕೇಳಿದಳು. ಕೊನೆಯಲ್ಲಿ ಒಂದು ವಾಕ್ಯವಿತ್ತು: ಅರ್ಜಿದಾರಳು ಸ್ವಇಚ್ಛೆಯಿಂದ ಎಮ್ಮೆ ಸಾಕಣೆಯನ್ನು ತ್ಯಜಿಸಿರುತ್ತಾಳೆ.

"ಸ್ವಇಚ್ಛೆ ಅಂದ್ರೇನ್ರೀ ಅಕ್ಕೋರ?"

ಮನಸಾರೆ, ಯಾರೂ ಒತ್ತಾಯಿಸದೆ ಎಂದು ಹೇಳಿದೆ. ಹೇಳಬಾರದಿತ್ತೋ ಏನೋ. ಆ ಸಾಲು ಎಲ್ಲಿದೆ ಎಂದು ಕೇಳಿ, ಅವಳು ಅದರ ಮೇಲೆ ಬೆರಳಿಟ್ಟಳು.

"ಸಾಹೇಬರಿಗೆ ಯಾರೋ ತಪ್ಪ ತಿಳಿಸ್ಯಾರ್ರೀ. ಅವರಿಗಿ ಗೊತ್ತಿದ್ರ ಹಂಗ ಬರೀತಿರಲಿಲ್ಲ. ನೀವೊಮ್ಮಿ ಬರದು ತಿಳಸ್ರಿ. ಜಾಗಾ ಕೊಡೂದು ಬ್ಯಾಡ. ಆ ಮಾತೊಂದ ತಗೀಲಿ."

ಆದ್ದರಿಂದ ಬರೆಯುತ್ತಿದ್ದೇನೆ. ಕಾನೂನಿನ ದೃಷ್ಟಿಯಿಂದ ನಾನು ಕೇಳಬೇಕಾದದ್ದು ಬಹಳವಿದೆ. ಹಾಲು ಕರೆಯುವ ಕೈಯನ್ನು ಉತ್ಪಾದಕ ಎಂದು ಗುರುತಿಸಲು ಉಪನಿಯಮ ತಿದ್ದಬೇಕು. ಮನೆಗೊಬ್ಬರು ಎಂದಾಗ ಆ ಒಬ್ಬರು ಯಾವಾಗಲೂ ಮೀಸೆಯಿರುವವರೇ ಆಗಬೇಕಿಲ್ಲ. ಜೀವವಿರುವ ಪ್ರಾಣಿಯ ಮೇಲೆ ನಿಂತ ವ್ಯಾಜ್ಯವನ್ನು ಆ ಪ್ರಾಣಿ ಬದುಕಿರುವಾಗಲೇ ತೀರ್ಮಾನಿಸಬೇಕು. ಇವನ್ನೆಲ್ಲ ಮಾಡುವ ಶಕ್ತಿ ತಮಗಿದೆಯೋ ಇಲ್ಲವೋ ತಿಳಿಯದು. ಆದರೆ ಆ ಕೊನೆಯ ವಾಕ್ಯ ತಮ್ಮ ಕೈಯಿಂದಲೇ ಬರೆದದ್ದು. ಅದನ್ನು ಹೊಡೆದುಹಾಕಲು ಯಾರ ಅಪ್ಪಣೆಯೂ ತಮಗೆ ಬೇಕಾಗಿಲ್ಲ. ಸೋತವಳನ್ನು ಸೋತಳೆಂದೇ ಬರೆಯಿರಿ. ತಾನೇ ಬಿಟ್ಟುಕೊಟ್ಟಳೆಂದು ಬರೆಯಬೇಡಿರಿ.

ದಿನವೂ ಸಂಜೆ ಕೆಲಸ ಮುಗಿಸಿ ಬಂದವಳು ನಮ್ಮ ಬಾಗಿಲಲ್ಲಿ ನಿಂತು, "ಸಾಹೇಬರು ಏನಂದ್ರು?" ಎಂದು ಕೇಳುತ್ತಾಳೆ. ಇನ್ನೂ ಏನೂ ಅಂದಿಲ್ಲ ಎನ್ನುತ್ತೇನೆ. ತಾವು ಯಾವ ಭಾಷೆಯಲ್ಲಾದರೂ ಸರಿ, ಒಂದೇ ಒಂದು ಸಾಲು ಬರೆಯಿರಿ. ಅದನ್ನು ಕನ್ನಡದಲ್ಲಿ ಅವಳಿಗೆ ಮುಟ್ಟಿಸುವುದು ನನಗಿರಲಿ.

ಇಂತಿ,
ಹೇಳಲು ಒಂದೂ ಒಳ್ಳೆಯ ಮಾತಿಲ್ಲದೆ ಬಾಗಿಲಲ್ಲಿ ನಿಲ್ಲುವ ದುಭಾಷಿ,
ವಾರಿಜಾ
ಕನ್ನಡ ಶಾಲೆಯ ಉಪಾಧ್ಯಾಯಿನಿ, ಅಂಧೇರಿ